ರಾಜಕಾರಣಿಯ ಬದುಕನ್ನು ಬರೆಯುವುದು ಹೇಗೆ: ದೇವರಾಜ ಅರಸು ಮತ್ತು ನಮ್ಮ ಮನೆಯ ಡಿಕ್ಲರೇಷನ್

ರಾಜಕಾರಣಿಯೊಬ್ಬರ ಜೀವನ ಚರಿತ್ರೆ ಬರೆಯಬೇಕು ಎಂದು ಯಾರಾದರೂ ಕೇಳಿಕೊಂಡು ಬಂದರೆ, ಅವರ ಕೈಯಲ್ಲಿ ಹೆಚ್ಚಾಗಿ ಒಂದು ದಪ್ಪ ಅಭಿನಂದನಾ ಗ್ರಂಥ ಇರುತ್ತದೆ. ಅದನ್ನು ಪಕ್ಕಕ್ಕಿಡಿ, ಕೊನೆಗೆ ಓದಿ ಎಂದು ನಾನು ಹೇಳುತ್ತೇನೆ. ಅದರಲ್ಲಿ ಸುಳ್ಳಿದೆ ಅಂತಲ್ಲ. ಅಲ್ಲಿ ಸಿಗುವುದು ಅವರ ಬಗ್ಗೆ ಉಳಿದವರಿಗಿದ್ದ ಪ್ರೀತಿ. ನಮಗೆ ಮೊದಲು ಬೇಕಾದದ್ದು ಅವರು ಮಾಡಿದ ಕೆಲಸ. ಆ ಕೆಲಸ ಯಾರ ಮನೆಯ ತನಕ ಬಂತು, ಬಂದು ಏನು ಮಾಡಿತು ಎನ್ನುವುದು ಗೊತ್ತಾಗಬೇಕು.

ನಾನು ಬಂಟ್ವಾಳ ತಾಲ್ಲೂಕಿನಲ್ಲಿ ಹೈಸ್ಕೂಲಿಗೆ ಸಮಾಜ ಪಾಠ ಮಾಡಿದವಳು. ನಿವೃತ್ತಿಯಾದ ಮೇಲೆ ಡಿ. ದೇವರಾಜ ಅರಸು ಅವರ ಬಗ್ಗೆ ಹೈಸ್ಕೂಲು ಮಕ್ಕಳು ಓದುವಂಥ ಒಂದು ಪುಸ್ತಕ ಬರೆಯುತ್ತಿದ್ದೇನೆ. ಅರಸು ಹುಣಸೂರಿನವರು, ನಾವು ಕರಾವಳಿಯವರು. ಆದರೂ ಅವರೇ ಏಕೆಂದರೆ, ನನ್ನ ಅಜ್ಜ ಗೇಣಿ ಒಕ್ಕಲು, ಅಂದರೆ ಬೇರೆಯವರ ಗದ್ದೆ ಮಾಡಿ ಬೆಳೆಯ ಪಾಲನ್ನು ಗೇಣಿಯಾಗಿ ಕೊಡುವವರು. ಪ್ರತಿ ವರ್ಷ ಗದ್ದೆಯ ಧನಿಗಳ ಮನೆಗೆ ಅಕ್ಕಿ ಮುಡಿ ಹೊತ್ತವರು. ಆ ಗದ್ದೆ ನಮ್ಮದಾದದ್ದು ಅರಸು ಸರ್ಕಾರ ತಂದ ಕಾನೂನಿನಿಂದ. ನಾನು ಓದಿ ಟೀಚರ್ ಆದದ್ದೂ ಆ ಗದ್ದೆಯ ಬಲದಿಂದಲೇ. ಹಾಗಾಗಿ ನನಗೆ ಅವರ ಮೇಲೆ ಪ್ರೀತಿ ಇದೆ. ಇದನ್ನು ಓದುಗರಿಗೆ ಮೊದಲೇ ಹೇಳಬೇಕು. ನೀವು ಬರೆಯುವಾಗಲೂ ಆ ವ್ಯಕ್ತಿಗೂ ನಿಮಗೂ ಇರುವ ನಂಟನ್ನು ಮೊದಲ ಪುಟದಲ್ಲೇ ಬರೆದುಬಿಡಿ. ಜಾತಿ, ಊರು, ಪಕ್ಷ, ಉಪಕಾರ, ಸಿಟ್ಟು, ಯಾವುದಿದ್ದರೂ ಸರಿ. ಆಮೇಲೆ ಓದುಗರು ನಿಮ್ಮನ್ನು ನಂಬಿ ಮುಂದೆ ಬರುತ್ತಾರೆ.

ಮೊದಲು ಒಂದು ಹಾಳೆಯಲ್ಲಿ ಇಸವಿಗಳು

ಉದ್ದದ ಹಾಳೆ ತೆಗೆದುಕೊಂಡು ನಡುವೆ ಗೆರೆ ಎಳೆಯಿರಿ. ಎಡಕ್ಕೆ ಆ ವ್ಯಕ್ತಿಯ ಬದುಕು, ಬಲಕ್ಕೆ ರಾಜ್ಯದಲ್ಲಿ ಆಗ ನಡೆದದ್ದು. ಅರಸು ಅವರದ್ದು ಹೀಗೆ ಶುರುವಾಗುತ್ತದೆ: 1915ರ ಆಗಸ್ಟ್ 20ರಂದು ಜನನ, ಹುಣಸೂರು ತಾಲ್ಲೂಕಿನ ಕಲ್ಲಹಳ್ಳಿ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಬಿ.ಎಸ್‌ಸಿ. ಮತ್ತೆ ಊರಿಗೆ ಬಂದು ಬೇಸಾಯ. 1941ರಲ್ಲಿ ಮೈಸೂರು ಪ್ರಜಾಪ್ರತಿನಿಧಿ ಸಭೆ. 1952ರಲ್ಲಿ ವಿಧಾನಸಭೆ. 1960ರ ದಶಕದಲ್ಲಿ ನಿಜಲಿಂಗಪ್ಪನವರ ಸಂಪುಟದಲ್ಲಿ ಮಂತ್ರಿ. 1969ರಲ್ಲಿ ಕಾಂಗ್ರೆಸ್ ಒಡೆದಾಗ ಇಂದಿರಾ ಗಾಂಧಿಯವರ ಕಡೆ. 1972ರ ಮಾರ್ಚ್ 20ರಂದು ಮುಖ್ಯಮಂತ್ರಿ. 1977ರ ಡಿಸೆಂಬರ್ 31ಕ್ಕೆ ರಾಷ್ಟ್ರಪತಿ ಆಳ್ವಿಕೆ. 1978ರ ಫೆಬ್ರುವರಿ 28ಕ್ಕೆ ಮತ್ತೆ ಮುಖ್ಯಮಂತ್ರಿ. 1980ರ ಜನವರಿಯಲ್ಲಿ ಅಧಿಕಾರ ಹೋಯಿತು. 1982ರ ಜೂನ್ 6ರಂದು ನಿಧನ.

ಇಷ್ಟನ್ನು ಯಾರು ಬೇಕಾದರೂ ಬರೆಯಬಹುದು. ಬಲಗಡೆ ತುಂಬಿಸುವಾಗ ವಿಷಯ ತೆರೆದುಕೊಳ್ಳುತ್ತದೆ. 1969ರ ಸಾಲನ್ನೇ ನೋಡಿ. ಅಖಿಲ ಭಾರತ ಕಾಂಗ್ರೆಸ್ಸಿನ ಅಧ್ಯಕ್ಷರಾಗಿದ್ದವರು ನಮ್ಮ ರಾಜ್ಯದ ನಿಜಲಿಂಗಪ್ಪನವರು. ಪಕ್ಷದ ರಾಜ್ಯದ ದೊಡ್ಡ ನಾಯಕರು ಬಹುಪಾಲು ಅವರ ಹಿಂದೆ ನಿಂತರು. ಅರಸು ಈ ಕಡೆ ಬಂದು ಹೊಸ ಪಕ್ಷ ಕಟ್ಟುವ ಹೊಣೆ ಹೊತ್ತರು. 1969ರಲ್ಲಿ ಅದು ಗೆಲ್ಲುವ ಕಡೆ ಅಂತ ಯಾರಿಗೂ ಖಾತ್ರಿ ಇರಲಿಲ್ಲ. ಎಡಗಡೆಯ ಒಂದು ಸಣ್ಣ ಸಾಲು ಬಲಗಡೆ ನೋಡಿದ ಮೇಲೆ ಎಷ್ಟು ಭಾರವಾಗುತ್ತದೆ ಅಲ್ವಾ?

ಹೆಸರುಗಳಲ್ಲಿ ಎಚ್ಚರ ಇರಲಿ. 1973ರ ನವೆಂಬರ್ 1ರ ತನಕ ರಾಜ್ಯದ ಹೆಸರು ಮೈಸೂರು. ಹಾಗಾಗಿ ಅರಸು 1972ರಲ್ಲಿ ಪ್ರಮಾಣ ವಚನ ತೆಗೆದುಕೊಂಡದ್ದು ಮೈಸೂರು ರಾಜ್ಯದ ಮುಖ್ಯಮಂತ್ರಿಯಾಗಿ. ಕ್ಷೇತ್ರಗಳೂ ಅಷ್ಟೆ. 1952ರಲ್ಲಿ ವಿಧಾನಸಭೆಗೆ 99 ಸ್ಥಾನ, 1957ರಲ್ಲಿ 208, 1967ರಲ್ಲಿ 216, 1978ರಿಂದ 224. ಪ್ರತಿ ಸಲ ಗಡಿ ಬದಲಾಗಿದೆ. ಹುಣಸೂರು ಎಂಬ ಹೆಸರು ಉಳಿದಿದೆ ಅಂತ ಅದೇ ಹಳ್ಳಿಗಳು, ಅದೇ ಮತದಾರರು ಎಂದುಕೊಳ್ಳಬೇಡಿ. ಕ್ಷೇತ್ರ ಪುನರ್ವಿಂಗಡಣೆಯ ಆದೇಶ ತೆಗೆದು ಹೋಬಳಿಗಳ ಪಟ್ಟಿ ನೋಡಿಕೊಳ್ಳಿ.

ಚುನಾವಣೆಯ ಅಂಕಿಗಳಿಗೆ ಚುನಾವಣಾ ಆಯೋಗದ ವರದಿಗಳೇ ಸಾಕು. ಮೊದಲ ಚುನಾವಣೆಯಿಂದ ಇಲ್ಲಿಯ ತನಕದ್ದು ಅವರ ಜಾಲತಾಣದಲ್ಲಿವೆ. ಗೆದ್ದರು ಎಂದಷ್ಟೇ ಬರೆಯಬೇಡಿ. ಎದುರಾಳಿ ಯಾರು, ಅಂತರ ಎಷ್ಟು, ಎಷ್ಟು ಜನ ಮತ ಹಾಕಿದರು ಎಂಬುದನ್ನೂ ಬರೆದುಕೊಳ್ಳಿ. ಆದರೆ ಉಪಚುನಾವಣೆಗಳು ಸಾರ್ವತ್ರಿಕ ಚುನಾವಣೆಯ ವರದಿಯಲ್ಲಿ ಸಿಗುವುದಿಲ್ಲ. ಅರಸು 1972ರ ಸಾರ್ವತ್ರಿಕ ಚುನಾವಣೆಗೆ ನಿಂತಿರಲಿಲ್ಲ. ಮುಖ್ಯಮಂತ್ರಿಯಾದ ಮೇಲೆ ಹುಣಸೂರಿನ ಉಪಚುನಾವಣೆಯಲ್ಲಿ ಗೆದ್ದು ಸದನಕ್ಕೆ ಬಂದರು. ಸಾರ್ವತ್ರಿಕ ಚುನಾವಣೆಯ ವರದಿ ಮಾತ್ರ ನೋಡಿದವರಿಗೆ ಅವರ ಹೆಸರೇ ಕಾಣುವುದಿಲ್ಲ.

ಸದನದ ನಡಾವಳಿ

ಅತಿ ಹೆಚ್ಚು ಸಮಯ ಕೊಡಬೇಕಾದ ಜಾಗ ಇದು. ಶಾಸಕ ಅಂದರೆ ಶಾಸನ ಮಾಡುವವರು. ಆದರೆ ನಮ್ಮಲ್ಲಿ ಬರುವ ಎಷ್ಟೋ ಜೀವನ ಚರಿತ್ರೆಗಳಲ್ಲಿ ಅವರು ಸದನದಲ್ಲಿ ಆಡಿದ ಒಂದು ಮಾತೂ ಇರುವುದಿಲ್ಲ. ಉದ್ಘಾಟನೆ, ಸನ್ಮಾನ, ಪಾದಯಾತ್ರೆ ಎಲ್ಲ ಇರುತ್ತದೆ. ನನಗೆ ಇದು ತುಂಬ ಬೇಸರದ ಸಂಗತಿ.

ವಿಧಾನಸಭೆ, ವಿಧಾನ ಪರಿಷತ್ತು ಎರಡರ ನಡಾವಳಿಯೂ ಅಚ್ಚಾದ ಸಂಪುಟಗಳಲ್ಲಿದೆ. ವಿಧಾನಸೌಧದ ಶಾಸಕಾಂಗ ಗ್ರಂಥಾಲಯದಲ್ಲಿ ನೋಡಬೇಕು. ಮೊದಲೇ ಪತ್ರ ಬರೆದು ಅನುಮತಿ ಕೇಳಿ. ಯಾವ ವರ್ಷ, ಯಾವ ಅಧಿವೇಶನ, ಯಾವ ಮಸೂದೆ ಎಂದು ಸ್ಪಷ್ಟವಾಗಿ ಬರೆದರೆ ಗ್ರಂಥಾಲಯದವರಿಗೂ ಸುಲಭ. ಅರಸು ಅವರ ಬಗ್ಗೆ ಏನಿದೆ ಎಂದು ಕೇಳಿದರೆ ಅವರಾದರೂ ಏನು ಕೊಡುತ್ತಾರೆ?

ಸಂಪುಟ ಸಿಕ್ಕಿದ ಮೇಲೆ ಮೊದಲು ಪ್ರಶ್ನೋತ್ತರ ಓದಿ. ಚುಕ್ಕೆ ಗುರುತಿನ ಪ್ರಶ್ನೆಗೆ ಮಂತ್ರಿ ಎದ್ದು ನಿಂತು ಉತ್ತರ ಹೇಳಬೇಕು, ಮೇಲೆ ಉಪಪ್ರಶ್ನೆ ಬರುತ್ತದೆ. ಚುಕ್ಕೆ ಗುರುತಿಲ್ಲದ್ದಕ್ಕೆ ಲಿಖಿತ ಉತ್ತರ. ಒಬ್ಬ ಮಂತ್ರಿಗೆ ತನ್ನ ಇಲಾಖೆ ಎಷ್ಟು ಗೊತ್ತು ಎನ್ನುವುದು ಉಪಪ್ರಶ್ನೆಗಳಲ್ಲಿ ಚೆನ್ನಾಗಿ ಕಾಣುತ್ತದೆ, ಏಕೆಂದರೆ ಅಲ್ಲಿ ಅಧಿಕಾರಿ ಬರೆದುಕೊಟ್ಟ ಚೀಟಿ ಮುಗಿದಿರುತ್ತದೆ. ನಿಮ್ಮ ವ್ಯಕ್ತಿ ಮಂತ್ರಿಯಾಗದೆ ಬರೀ ಶಾಸಕರಾಗಿದ್ದರೆ ಅವರು ಕೇಳಿದ ಪ್ರಶ್ನೆಗಳನ್ನೆಲ್ಲ ಒಂದು ಪಟ್ಟಿ ಮಾಡಿ. ರಸ್ತೆ, ಶಾಲೆ, ಆಸ್ಪತ್ರೆ, ವರ್ಗಾವಣೆ ಎಂದು ವಿಂಗಡಿಸಿ. ಅವರ ಮನಸ್ಸು ಎಲ್ಲಿತ್ತು ಎನ್ನುವುದು ಆ ಪಟ್ಟಿಯಲ್ಲಿ ಬರುತ್ತದೆ. ಗಮನ ಸೆಳೆಯುವ ಸೂಚನೆ, ನಿಲುವಳಿ ಸೂಚನೆ ತಂದಿದ್ದರೆ ಅದನ್ನೂ ಸೇರಿಸಿ.

ಆಮೇಲೆ ಮಸೂದೆಯ ಚರ್ಚೆ. ನಾನು ಹಿಡಿದುಕೊಂಡದ್ದು ಭೂಸುಧಾರಣೆಯ ತಿದ್ದುಪಡಿ. ಮಸೂದೆಯ ಕೊನೆಗೆ ಉದ್ದೇಶ ಮತ್ತು ಕಾರಣಗಳ ಹೇಳಿಕೆ ಇರುತ್ತದೆ, ಅಲ್ಲಿಂದ ಶುರು ಮಾಡಿ. ಮಸೂದೆ ಜಂಟಿ ಸಮಿತಿಗೆ ಹೋಗಿದ್ದರೆ ಆ ಸಮಿತಿಯ ವರದಿ, ಅದರಲ್ಲಿ ಒಪ್ಪದವರ ಟಿಪ್ಪಣಿ ಎರಡೂ ಬೇಕು. ಒಪ್ಪದವರ ಟಿಪ್ಪಣಿ ನನಗೆ ಬಲು ಇಷ್ಟ. ಮುಂದೆ ಯಾವ ತೊಂದರೆ ಬರಬಹುದು ಎಂದು ಆಗಲೇ ಕಂಡವರು ಅಲ್ಲಿ ಸಿಗುತ್ತಾರೆ.

ಮುಖ್ಯಮಂತ್ರಿಯ ಭಾಷಣ ಮಾತ್ರ ಓದಿ ಎದ್ದು ಬರಬೇಡಿ. ನಮ್ಮ ಜಿಲ್ಲೆಯದ್ದನ್ನೇ ಹೇಳುತ್ತೇನೆ. ಆ ಸದನದಲ್ಲಿ ಬಂಟ್ವಾಳದಿಂದ ಕಮ್ಯುನಿಸ್ಟ್ ಪಕ್ಷದ ಬಿ.ವಿ. ಕಕ್ಕಿಲ್ಲಾಯರು ಇದ್ದರು. ಸುರತ್ಕಲ್‌ನಿಂದ ಬಂದ ಬಿ. ಸುಬ್ಬಯ್ಯ ಶೆಟ್ಟರು ಅರಸು ಸಂಪುಟದಲ್ಲಿ ಭೂಸುಧಾರಣೆಯ ಹೊಣೆ ಹೊತ್ತವರು. ಒಬ್ಬರು ಹೊರಗಿನಿಂದ ಒತ್ತಾಯ ಮಾಡುತ್ತಾ ಬಂದವರು, ಇನ್ನೊಬ್ಬರು ಒಳಗಿದ್ದು ಕೆಲಸ ನಡೆಸಿದವರು. ಇವರಿಬ್ಬರನ್ನು ಬಿಟ್ಟು ಕರಾವಳಿಯ ಗೇಣಿ ಒಕ್ಕಲಿನ ಕಥೆ ಹೇಳಿದರೆ ಅರ್ಧ ಕಥೆ ಹೇಳಿದ ಹಾಗೆ. ಅರಸು ದೊಡ್ಡವರು ಎಂದು ತೋರಿಸಲು ಸುತ್ತಲಿದ್ದವರನ್ನು ಅಳಿಸಬೇಕಾಗಿಲ್ಲ. ಹಿಂದುಳಿದ ವರ್ಗಗಳ ಆಯೋಗದ ವಿಷಯ ಬರೆಯುವಾಗ ಅದರ ಅಧ್ಯಕ್ಷರಾಗಿದ್ದ ಎಲ್.ಜಿ. ಹಾವನೂರರ ಬಗ್ಗೆಯೂ ಒಂದು ಅಧ್ಯಾಯವೇ ಬೇಕು. 1972ರಲ್ಲಿ ಆಯೋಗ ನೇಮಕವಾಯಿತು, 1975ರ ನವೆಂಬರಿನಲ್ಲಿ ವರದಿ ಬಂತು, 1977ರಲ್ಲಿ ಮೀಸಲಾತಿಯ ಆದೇಶ ಆಯಿತು. ವರದಿಗೂ ಆದೇಶಕ್ಕೂ ನಡುವೆ ಒಂದು ವರ್ಷಕ್ಕಿಂತ ಜಾಸ್ತಿ ಇದೆ. ಆ ಅವಧಿಯಲ್ಲಿ ಸಂಪುಟದಲ್ಲಿ, ಸದನದಲ್ಲಿ, ಪತ್ರಿಕೆಗಳಲ್ಲಿ ಏನೇನು ನಡೆಯಿತು ಎಂದು ಹುಡುಕುವುದೇ ನಿಮ್ಮ ಕೆಲಸ.

ಕಾನೂನನ್ನು ಅಡುಗೆಮನೆಯ ತನಕ ಹಿಂಬಾಲಿಸುವುದು

ಕಾನೂನು ಓದಲು ವಕೀಲರೇ ಆಗಬೇಕಿಲ್ಲ. ಯಾರಿಗೆ ಹಕ್ಕು ಬಂತು, ಆ ಹಕ್ಕು ಪಡೆಯಲು ಅವರು ಏನು ಮಾಡಬೇಕು, ಯಾರ ಮುಂದೆ ನಿಲ್ಲಬೇಕು, ಎಷ್ಟರೊಳಗೆ ಮಾಡಬೇಕು. ಈ ಪ್ರಶ್ನೆಗಳನ್ನು ಇಟ್ಟುಕೊಂಡು ಓದಿದರೆ ಸಾಕು.

ಕರ್ನಾಟಕ ಭೂಸುಧಾರಣಾ ಕಾಯ್ದೆ 1961ರದ್ದು, ಜಾರಿಗೆ ಬಂದದ್ದು 1965ರ ಅಕ್ಟೋಬರ್ 2ರಂದು. ಹಾಗಾದರೆ ಅರಸು ಮಾಡಿದ್ದೇನು? ಅವರ ಸರ್ಕಾರ ತಂದ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಯಾಯಿತು. 44ನೇ ಸೆಕ್ಷನ್ ಪ್ರಕಾರ ಆ ಹೊತ್ತಿಗೆ ಗೇಣಿಯಲ್ಲಿದ್ದ ಜಮೀನು ಸರ್ಕಾರಕ್ಕೆ ಸೇರಿತು. ಒಕ್ಕಲು ತನ್ನ ಹೆಸರಿಗೆ ಮಾಡಿಕೊಡಿ ಎಂದು 48ಎ ಸೆಕ್ಷನ್ ಕೆಳಗೆ ಅರ್ಜಿ ಹಾಕಬೇಕು. ಆ ಅರ್ಜಿಯೇ ನಮೂನೆ 7. ನಮ್ಮ ಕಡೆ ಎಲ್ಲರೂ ಅದನ್ನು ಡಿಕ್ಲರೇಷನ್ ಎನ್ನುತ್ತಾರೆ. ಅಜ್ಜಿಯಂದಿರು ಈಗಲೂ ಡಿಕ್ಲರೇಷನ್ ಕೊಟ್ಟ ವರ್ಷ ಎಂದು ಹೇಳಿ ಮಗುವಿನ ವಯಸ್ಸು ಲೆಕ್ಕ ಹಾಕುತ್ತಾರೆ.

ಅರ್ಜಿ ಕೇಳುವುದು ತಾಲ್ಲೂಕಿನ ಭೂ ನ್ಯಾಯಮಂಡಳಿ. ಅದಕ್ಕೆ ಅಸಿಸ್ಟೆಂಟ್ ಕಮಿಷನರ್ ಅಧ್ಯಕ್ಷರು, ಸರ್ಕಾರ ನೇಮಿಸಿದ ನಾಲ್ವರು ಸದಸ್ಯರು. ಆ ನಾಲ್ವರಲ್ಲಿ ಒಬ್ಬರಾದರೂ ಪರಿಶಿಷ್ಟ ಜಾತಿ ಅಥವಾ ಪಂಗಡದವರು ಇರಲೇಬೇಕು. ಮೊದಲಿಗೆ ವಕೀಲರು ಮಂಡಳಿಯ ಮುಂದೆ ಬರುವ ಹಾಗಿರಲಿಲ್ಲ. ಒಕ್ಕಲು ಮಾತಾಡಬೇಕು, ಧನಿ ಮಾತಾಡಬೇಕು, ಊರಿನವರು ಸಾಕ್ಷಿ ಹೇಳಬೇಕು. ಆದೇಶದ ಮೇಲೆ ಅಪೀಲಿಗೂ ಆಗ ದಾರಿ ಇರಲಿಲ್ಲ. ಒಪ್ಪದವರು ಸೀದಾ ಹೈಕೋರ್ಟಿಗೆ ರಿಟ್ ಹಾಕಬೇಕು. ಅರ್ಜಿಯ ಕೊನೆಯ ದಿನಾಂಕವನ್ನು ಮುಂದೂಡುತ್ತಾ ಬಂದು ಕಡೆಗೆ 1979ರ ಜೂನ್ 30ಕ್ಕೆ ನಿಲ್ಲಿಸಿದರು. ಹಕ್ಕು ಸಿಕ್ಕಿದವರಿಗೆ ಬರುವ ಪತ್ರ ನಮೂನೆ 10. ಆ ಜಮೀನನ್ನು 15 ವರ್ಷ ಮಾರುವಂತಿಲ್ಲ.

ಈ ಒಂದೊಂದು ಅಂಶವೂ ಒಬ್ಬ ರಾಜಕಾರಣಿ ತೆಗೆದುಕೊಂಡ ತೀರ್ಮಾನ. ಕೋರ್ಟಿಗೆ ಬಿಟ್ಟಿದ್ದರೆ ಹಣವಿದ್ದವರು ಒಳ್ಳೆ ವಕೀಲರನ್ನು ಇಡುತ್ತಿದ್ದರು, ನನ್ನ ಅಜ್ಜನಂಥವರು ಬಾಗಿಲಲ್ಲೇ ನಿಲ್ಲುತ್ತಿದ್ದರು. ಮಂಡಳಿಯನ್ನು ತಾಲ್ಲೂಕಿಗೆ ತಂದು, ಊರಿನವರನ್ನೇ ಸದಸ್ಯರಾಗಿ ಕೂರಿಸಿದ್ದರಿಂದ ಅಜ್ಜ ಬಾಯಿಬಿಟ್ಟು ಮಾತಾಡಿದರು. ಆದರೆ ಸರ್ಕಾರ ನೇಮಿಸಿದ ಸದಸ್ಯರು ಅಂದರೆ ಆಳುವ ಪಕ್ಷಕ್ಕೆ ಹತ್ತಿರದವರಿಗೆ ಅವಕಾಶ ಜಾಸ್ತಿ ಎನ್ನುವುದೂ ನಿಜ. ಎರಡನ್ನೂ ಬರೆಯಿರಿ.

ಈಗ ಕಾಗದ ಹುಡುಕುವುದು ಹೇಗೆ ಎಂದು ಹೇಳುತ್ತೇನೆ. ಪಹಣಿ ತೆಗೆಯಿರಿ. ಈಗಿನದ್ದು ಕಂಪ್ಯೂಟರಿನಲ್ಲಿ ಸಿಗುತ್ತದೆ, ಹಳೆಯದು ಕೈಬರಹದ್ದು, ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನಲ್ಲಿರುತ್ತದೆ. ಜಮೀನು ಯಾವ ಮೂಲದಿಂದ ಬಂತು ಎನ್ನುವ ಕಡೆ ಭೂ ನ್ಯಾಯಮಂಡಳಿಯ ಆದೇಶದ ನಂಬರ್, ದಿನಾಂಕ ಇರುತ್ತದೆ. ಅದು ಸಿಕ್ಕಿದರೆ ಕಡತ ಕೇಳಬಹುದು. ಕಡತದಲ್ಲಿ ನಮೂನೆ 7, ಎರಡೂ ಕಡೆಯ ಹೇಳಿಕೆ, ಸಾಕ್ಷಿಗಳ ಮಾತು, ಆದೇಶ ಇರುತ್ತದೆ. ಕೆಲವು ಕಡತ ಗೆದ್ದಲು ತಿಂದಿರುತ್ತವೆ. ಬೇಗ ಹೋಗಿ.

ನಿಮ್ಮ ಮನೆಯದ್ದೇ ಕಾಗದವಾದರೆ ದೃಢೀಕೃತ ನಕಲು ಕೇಳಿದರೆ ಕೊಡುತ್ತಾರೆ. ಬೇರೆಯವರದ್ದಾದರೆ ಅವರ ಒಪ್ಪಿಗೆ ಪತ್ರ ಇಟ್ಟುಕೊಂಡೇ ಹೋಗಿ. ಸರ್ಕಾರದ ಕಡತಕ್ಕೆ ಮಾಹಿತಿ ಹಕ್ಕಿನ ಅರ್ಜಿ ಹಾಕಬಹುದು, ಶುಲ್ಕ 10 ರೂಪಾಯಿ. ಕರ್ನಾಟಕದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದಗಳ ಒಳಗೆ. ನಕಲು ಕೇಳುವ ಮೊದಲು ಕಡತ ನೋಡಲು ಅವಕಾಶ ಕೊಡಿ ಎಂದು ಬರೆಯಿರಿ. ಮೊದಲ ಒಂದು ಗಂಟೆ ನೋಡಲು ದುಡ್ಡಿಲ್ಲ. 20 ವರ್ಷ ಹಳೆಯ ವಿಷಯವಾದರೆ, ಕಾಯ್ದೆಯ 8(3) ಪ್ರಕಾರ ಕೊಡುವುದಿಲ್ಲ ಎನ್ನಲು ಅಧಿಕಾರಿಗೆ ಇರುವ ಕಾರಣಗಳು ತುಂಬ ಕಡಿಮೆಯಾಗುತ್ತವೆ. ಅರ್ಜಿಯಲ್ಲೇ ಆ ಸೆಕ್ಷನ್ ನಮೂದಿಸಿ.

ಹಿರಿಯರ ಹತ್ತಿರ ಕೇಳುವುದು

ಅರಸು ಬಗ್ಗೆ ಏನು ಅನ್ನಿಸುತ್ತದೆ ಎಂದು ಕೇಳಬೇಡಿ. ದೇವರಂಥವರು ಎಂಬ ಉತ್ತರ ಬರುತ್ತದೆ, ಅಲ್ಲಿಗೆ ಮಾತು ಮುಗಿಯುತ್ತದೆ. ಕಾಗದ ಮುಂದಿಟ್ಟು ಕೇಳಿ. ಈ ಫಾರಂ ತುಂಬಿಸಿದ್ದು ಯಾರು? ಕೈಬರಹ ಯಾರದ್ದು? ಹೆಬ್ಬೆಟ್ಟು ಯಾರದ್ದು? ಮಂಡಳಿಗೆ ಹೋಗುವ ದಿನ ಜೊತೆಗೆ ಯಾರು ಬಂದಿದ್ದರು?

ಫಾರಂ ತುಂಬಿಸಿದ್ದು ಯಾರು ಎಂಬ ಒಂದೇ ಪ್ರಶ್ನೆಯಿಂದ ನನಗೆ ಒಂದು ಅಧ್ಯಾಯ ಸಿಕ್ಕಿತು. ನಮ್ಮ ಸುತ್ತಲಿನ ಮನೆಗಳಲ್ಲಿ ಅದನ್ನು ಬರೆದುಕೊಟ್ಟವರು ರೈತ ಸಂಘದ ಕಾರ್ಯಕರ್ತರು, ಶಾಲೆಯ ಮಾಸ್ಟ್ರುಗಳು, ಬೀಡಿ ಬ್ರಾಂಚಿನಲ್ಲಿ ಲೆಕ್ಕ ಬರೆಯುತ್ತಿದ್ದವರು. ವಿಧಾನಸೌಧದಲ್ಲಿ ಪಾಸಾದ ಕಾನೂನು ಬಂಟ್ವಾಳದ ಒಂದು ಜಗಲಿಗೆ ಬಂದದ್ದು ಇವರ ಕೈಯಿಂದ. ಇವರಲ್ಲಿ ಯಾರ ಹೆಸರೂ ಅಚ್ಚಾದ ಪುಸ್ತಕಗಳಲ್ಲಿ ನನಗೆ ಸಿಗಲಿಲ್ಲ.

ಒಬ್ಬ ಹಿರಿಯರು ಅರ್ಜಿ ಹಾಕಿರಲೇ ಇಲ್ಲ. ಏಕಜ್ಜ, ಗದ್ದೆ ಮಾಡಿದ್ದು ನೀವೇ ಅಲ್ವಾ ಎಂದು ಕೇಳಿದೆ. “ಟೀಚರೇ, ಧನಿಗಳ ಅಂಗಳದಲ್ಲಿ ಊಟ ಮಾಡಿ ಬೆಳೆದವ ನಾನು. ಅವರ ಎದುರು ಅರ್ಜಿ ಕೊಡ್ಲಿಕ್ಕೆ ನನಗೆ ಮನಸ್ಸು ಬರಲಿಲ್ಲ. ಈಗ ಮಕ್ಕಳು ಬೈತಾರೆ” ಎಂದರು. ಕಾನೂನು ಹಕ್ಕು ಕೊಟ್ಟರೂ ಕೇಳುವ ಧೈರ್ಯ ಎಲ್ಲರಿಗೂ ಒಂದೇ ಸಲ ಬರಲಿಲ್ಲ. ಇಂಥ ಮನೆಗಳನ್ನೂ ಹುಡುಕಿ ಹೋಗಿ.

ಧನಿಗಳ ಮನೆಗೂ ಹೋಗಿ. ನಾನು ಹೋದೆ. ಸಾವಿರ ಮುಡಿ ಗೇಣಿ ಬರುತ್ತಿದ್ದ ದೊಡ್ಡ ಮನೆಗಳ ಕಥೆ ಒಂದು. ಗಂಡ ತೀರಿಹೋದ ಮೇಲೆ ದುಡಿಯುವವರಿಲ್ಲದೆ ಒಂದು ಎಕರೆ ಗೇಣಿಗೆ ಕೊಟ್ಟು ಅದರ ಅಕ್ಕಿಯಲ್ಲೇ ಬದುಕಿದ್ದ ಹೆಂಗಸರ ಕಥೆ ಇನ್ನೊಂದು. ಕಾನೂನಿನ ಮುಂದೆ ಇಬ್ಬರೂ ಭೂಮಾಲೀಕರೇ. ಅಂಥ ಮನೆಯ ಒಬ್ಬ ಅಮ್ಮ ನನ್ನ ಜೊತೆ ತುಂಬ ಹೊತ್ತು ಮಾತಾಡಿದರು. ಪರಿಹಾರ ಎಷ್ಟು, ಯಾವಾಗ ಬಂತು, ಅದರಲ್ಲಿ ಏನು ಮಾಡಿದಿರಿ ಎಂದು ಕೇಳಿ ಬರೆದುಕೊಂಡೆ. ಗದ್ದೆ ಪಡೆದ ಮನೆಯ ಮೊಮ್ಮಗಳಾಗಿ ಅವರ ಎದುರು ಕೂರುವುದು ಸುಲಭವಾಗಿರಲಿಲ್ಲ. ಆದರೆ ಅವರ ಮಾತು ಇಲ್ಲದೆ ಈ ಪುಸ್ತಕ ಹೊರಬರಬಾರದು ಎಂದು ನನಗೆ ಗಟ್ಟಿಯಾಗಿ ಅನ್ನಿಸುತ್ತದೆ.

ಇನ್ನು ಗೇಣಿಯೂ ಇಲ್ಲದೆ ಬರೀ ಕೂಲಿ ಮಾಡಿದವರು. ನಮ್ಮ ಕಡೆ ದಲಿತರು, ಕೊರಗರು. ಉಳುವವನೇ ಹೊಲದೊಡೆಯ ಎಂದರು. ನಿಜವಾಗಿ ಉಳುತ್ತಿದ್ದ ಎಷ್ಟೋ ಕೈಗಳಿಗೆ ಗೇಣಿಯ ಚೀಟಿ ಇರಲಿಲ್ಲ, ಹಾಗಾಗಿ ನಮೂನೆ 7ರಲ್ಲಿ ಅವರಿಗೆ ಜಾಗವೇ ಇರಲಿಲ್ಲ. ನಮ್ಮ ಮನೆಗೆ ಗದ್ದೆ ಬಂದ ಮೇಲೆ ಅದರಲ್ಲಿ ಕೂಲಿಗೆ ಬಂದವರು ಯಾರು ಎಂಬುದನ್ನೂ ನಾನು ಬರೆದಿದ್ದೇನೆ. ಅರಸು ಅವರನ್ನು ಪ್ರೀತಿಸುವವರು ಈ ಭಾಗವನ್ನು ಬಿಟ್ಟುಬಿಡುತ್ತಾರೆ. ಬಿಡಬೇಡಿ.

ಆರೋಪ, ತುರ್ತು ಪರಿಸ್ಥಿತಿ, ಸೋಲು

ಆರೋಪವನ್ನು ಬರೆಯಲು ಒಂದು ಕ್ರಮ ಇದೆ. ಯಾರು ಮಾಡಿದರು, ಯಾವ ಕಾನೂನಿನ ಕೆಳಗೆ ತನಿಖೆ ಆಯಿತು, ತನಿಖೆ ಮಾಡಿದವರು ಏನೆಂದರು, ಕೋರ್ಟು ಏನೆಂದಿತು, ಕೊನೆಗೆ ಏನಾಯಿತು. 1977ರಲ್ಲಿ ಕೇಂದ್ರದ ಜನತಾ ಸರ್ಕಾರ ಅರಸು ಮತ್ತು ಅವರ ಸರ್ಕಾರದ ಮೇಲಿನ ದೂರುಗಳ ತನಿಖೆಗೆ ನ್ಯಾಯಮೂರ್ತಿ ಎ.ಎನ್. ಗ್ರೋವರ್ ಆಯೋಗ ನೇಮಿಸಿತು. ರಾಜ್ಯದ ಮೇಲೆ ಕೇಂದ್ರ ಹೀಗೆ ಆಯೋಗ ನೇಮಿಸಬಹುದೇ ಎಂದು ಕರ್ನಾಟಕ ಸುಪ್ರೀಂ ಕೋರ್ಟಿಗೆ ಹೋಯಿತು. ಬಹುಮತದ ತೀರ್ಪು ಕೇಂದ್ರದ ಪರವಾಗಿ ಬಂತು. ಆ ತೀರ್ಪನ್ನು ಇಂದಿಗೂ ಕಾನೂನು ವಿದ್ಯಾರ್ಥಿಗಳು ಓದುತ್ತಾರೆ. ನೀವು ಆಯೋಗದ ವರದಿಯನ್ನೇ ಓದಿ. ಪತ್ರಿಕೆಯ ತಲೆಬರಹ ನೋಡಿ ತೀರ್ಮಾನ ಬರೆಯಬೇಡಿ, ಭ್ರಷ್ಟರು ಅಂತಲೂ ಬೇಡ, ಬರೀ ರಾಜಕೀಯ ದ್ವೇಷ ಅಂತಲೂ ಬೇಡ. ಒಂದೊಂದು ಆರೋಪಕ್ಕೆ ಒಂದೊಂದು ಪ್ಯಾರಾ ಕೊಟ್ಟು ವರದಿ ಹೇಳಿದ್ದನ್ನು ಇಡಿ.

ತುರ್ತು ಪರಿಸ್ಥಿತಿಯ ಕಾಲದಲ್ಲಿ ಮುಖ್ಯಮಂತ್ರಿಯಾಗಿದ್ದವರು ಅರಸು. ಸಂಸದೀಯ ಸಮಿತಿಯ ಕೆಲಸಕ್ಕೆ ಬೆಂಗಳೂರಿಗೆ ಬಂದಿದ್ದ ವಾಜಪೇಯಿ, ಅಡ್ವಾಣಿ, ಮಧು ದಂಡವತೆ 1975ರ ಜೂನ್ 26ರಂದು ಇಲ್ಲೇ ಬಂಧನಕ್ಕೊಳಗಾದರು. ನಟಿ ಸ್ನೇಹಲತಾ ರೆಡ್ಡಿ ಬೆಂಗಳೂರಿನ ಜೈಲಿನಲ್ಲಿ ತಿಂಗಳುಗಟ್ಟಲೆ ಇದ್ದರು. ಅವರಿಗೆ ಅಸ್ತಮಾ ಇತ್ತು. ಬಿಡುಗಡೆಯಾಗಿ ಕೆಲವೇ ದಿನಗಳಲ್ಲಿ, 1977ರ ಜನವರಿಯಲ್ಲಿ ತೀರಿಕೊಂಡರು. ಗದ್ದೆ ಕೊಟ್ಟ ಸರ್ಕಾರ, ಆ ಜೈಲನ್ನು ನಡೆಸುತ್ತಿದ್ದ ಸರ್ಕಾರ ಎರಡೂ ಒಂದೇ. ಅದೇ ಪುಸ್ತಕದಲ್ಲಿ, ಅದೇ ಗಾತ್ರದ ಅಕ್ಷರದಲ್ಲಿ ಇದೂ ಬರಬೇಕು. ಅಜ್ಜನ ಗದ್ದೆಯ ಋಣ ನನ್ನ ಕೈ ಕಟ್ಟಿದರೆ ನಾನು ಬರೆಯುವ ಅಗತ್ಯವೇ ಇಲ್ಲ.

ಸೋಲಿನ ಭಾಗವನ್ನು ಅಂಕಿಗಳಿಂದಲೇ ಹೇಳಬಹುದು. 1972ರಲ್ಲಿ 216ಕ್ಕೆ 165 ಸ್ಥಾನ. 1978ರಲ್ಲಿ, ದೇಶದ ಬಹುಭಾಗ ಇಂದಿರಾ ವಿರುದ್ಧ ಇದ್ದಾಗ, 224ಕ್ಕೆ 149. ಅದೇ ವರ್ಷ ನವೆಂಬರಿನಲ್ಲಿ ಚಿಕ್ಕಮಗಳೂರಿನಿಂದ ಇಂದಿರಾ ಗೆಲುವು. 1979ರಲ್ಲಿ ಅರಸು ಮತ್ತು ಇಂದಿರಾ ಬೇರೆಯಾದರು. 1980ರ ಜನವರಿಯ ಲೋಕಸಭಾ ಚುನಾವಣೆಯಲ್ಲಿ ರಾಜ್ಯದ 28 ಸ್ಥಾನಗಳಲ್ಲಿ 27 ಇಂದಿರಾ ಕಾಂಗ್ರೆಸ್ಸಿಗೆ ಹೋದವು. ಶಾಸಕರು ಒಬ್ಬೊಬ್ಬರಾಗಿ ಆ ಕಡೆ ಹೋದರು, ಗುಂಡೂರಾವ್ ಮುಖ್ಯಮಂತ್ರಿಯಾದರು. ಯಾರ ಬದುಕು ಅರಸು ಕಾನೂನಿನಿಂದ ಬದಲಾಯಿತೋ ಅವರಲ್ಲೇ ಬಹಳ ಜನ ಅವರ ಪಕ್ಷಕ್ಕೆ ಮತ ಹಾಕಲಿಲ್ಲ. ನಮ್ಮ ಮನೆಯಲ್ಲೂ ಅಜ್ಜ ಮತ ಹಾಕಿದ್ದು ಇಂದಿರಮ್ಮನಿಗೇ. ಏಕೆ ಎಂದು ಆ ಕಾಲದವರನ್ನು ಕೇಳಿ, ಅವರು ಹೇಳಿದ್ದನ್ನು ಹಾಗೇ ಬರೆಯಿರಿ. ನೀವು ಕಾರಣ ಕಟ್ಟಲು ಹೋಗಬೇಡಿ.

ಈಗಿನವರ ಬಗ್ಗೆ ಬರೆಯುವುದಾದರೆ

ಕೆಲಸ ಇನ್ನೂ ಸುಲಭ. ಚುನಾವಣೆಗೆ ನಿಲ್ಲುವಾಗ ಕೊಟ್ಟ ಪ್ರಮಾಣಪತ್ರ, ಅಂದರೆ ನಮೂನೆ 26, ಎಲ್ಲರಿಗೂ ಸಿಗುತ್ತದೆ. ಆಸ್ತಿ, ಸಾಲ, ಓದು, ಕ್ರಿಮಿನಲ್ ಕೇಸು ಅದರಲ್ಲಿದೆ. ಪ್ರತಿ ಚುನಾವಣೆಯದ್ದನ್ನೂ ಪಕ್ಕಪಕ್ಕ ಇಟ್ಟು ನೋಡಿ. ಶಾಸಕರ ಸ್ಥಳೀಯ ಪ್ರದೇಶಾಭಿವೃದ್ಧಿ ನಿಧಿಯ ಕಾಮಗಾರಿ ಪಟ್ಟಿ ಜಿಲ್ಲಾಧಿಕಾರಿ ಕಚೇರಿಯಲ್ಲಿರುತ್ತದೆ. ಪಟ್ಟಿ ಹಿಡಿದು ಸ್ಥಳಕ್ಕೇ ಹೋಗಿ ನೋಡಿ ಬನ್ನಿ. ಸದನದಲ್ಲಿ ಮಂತ್ರಿ ಕೊಟ್ಟ ಮಾತು ಏನಾಯಿತು ಎಂದು ಹಿಂಬಾಲಿಸಲು ಭರವಸೆಗಳ ಸಮಿತಿ ಅಂತ ಒಂದಿದೆ, ಅದರ ವರದಿ ಓದುವವರು ಕಡಿಮೆ. ನೀವು ಓದಿ.

ಬರೆಯಲು ಕೂತಾಗ

ಪತ್ರಿಕೆಯಿಂದ ತೆಗೆದುಕೊಂಡ ಸಂಗತಿಗೆ ಕನಿಷ್ಠ ಎರಡು ಪತ್ರಿಕೆ ನೋಡಿ. ನಾನು ಪ್ರಜಾವಾಣಿಯ ಜೊತೆಗೆ ಉದಯವಾಣಿಯನ್ನೂ ನೋಡಿದೆ, ಏಕೆಂದರೆ ಅದು 1970ರಲ್ಲೇ ಮಣಿಪಾಲದಲ್ಲಿ ಶುರುವಾದ ಪತ್ರಿಕೆ. ಬೆಂಗಳೂರಿನ ಪತ್ರಿಕೆಗೆ ಕಾನೂನು ಸುದ್ದಿ, ಕರಾವಳಿಯ ಪತ್ರಿಕೆಗೆ ಅದರಿಂದ ಊರಿನಲ್ಲಾದ ಗಲಾಟೆ ಸುದ್ದಿ. ಎರಡೂ ಬೇಕು.

ಧೀಮಂತ, ಹರಿಕಾರ, ಮುತ್ಸದ್ದಿ, ಬಡವರ ಬಂಧು. ಈ ಮಾತುಗಳನ್ನು ಮೊದಲ ಪ್ರತಿಯಿಂದಲೇ ತೆಗೆದುಹಾಕಿ. ಅವು ಇದ್ದ ಕಡೆಯೆಲ್ಲ ಒಂದು ಘಟನೆ ಇಡಲು ಆಗುತ್ತದೆಯೇ ನೋಡಿ. ಆಗದಿದ್ದರೆ ಆ ವಾಕ್ಯವೇ ಬೇಡ. ಆಡಿದ ಮಾತು ಎಂದು ಉದ್ಧರಣ ಚಿಹ್ನೆಯಲ್ಲಿ ಹಾಕುವುದಾದರೆ ನಡಾವಳಿಯ ಸಂಪುಟ, ದಿನಾಂಕ ನಿಮ್ಮ ಟಿಪ್ಪಣಿ ಪುಸ್ತಕದಲ್ಲಿ ಇರಲೇಬೇಕು. ಅರಸು ಹೀಗೆ ಹೇಳಿದ್ದರಂತೆ ಎಂಬ ಕಥೆಗಳು ಊರಿಗೊಂದು ಇವೆ. ಚೆನ್ನಾಗಿಯೂ ಇವೆ. ಅವನ್ನು ಊರಿನವರು ಹೇಳುವ ಕಥೆ ಎಂದೇ ಹೇಳಿ ಬರೆಯಿರಿ.

ಬಾಲ್ಯಕ್ಕೆ ಮೂವತ್ತು ಪುಟ ಕೊಡಬೇಡಿ. ಕಲ್ಲಹಳ್ಳಿಯ ಬಗ್ಗೆ ನಾನು ಬರೆದದ್ದು ಸ್ವಲ್ಪವೇ. ಆದರೆ ಅರಮನೆಯ ನೆಂಟಸ್ತಿಕೆ ಇದ್ದ, ಸಂಖ್ಯೆಯಲ್ಲಿ ತೀರಾ ಚಿಕ್ಕ ಅರಸು ಸಮುದಾಯದಿಂದ ಬಂದವರು ಎನ್ನುವುದನ್ನು ಬಿಡಲಿಲ್ಲ. ತಮ್ಮ ಜಾತಿಯ ಮತವನ್ನೇ ನಂಬಿ ಗೆಲ್ಲಲು ಆಗದ ರಾಜಕಾರಣಿ, ಬೇರೆ ಬೇರೆ ಸಣ್ಣ ಸಮುದಾಯಗಳನ್ನು ಸೇರಿಸಲೇಬೇಕಾಗಿತ್ತು ಎಂದು ನಾನು ತಿಳಿದುಕೊಂಡಿದ್ದೇನೆ. ಇದು ನನ್ನ ಅಭಿಪ್ರಾಯ ಎಂದು ಪುಸ್ತಕದಲ್ಲೂ ಬರೆದಿದ್ದೇನೆ.

ಅಭಿನಂದನಾ ಗ್ರಂಥವನ್ನು ಈಗ ತೆರೆಯಿರಿ. ಇಷ್ಟು ಓದಿದ ಮೇಲೆ ಅದರಲ್ಲಿ ಯಾವ ಲೇಖನ ಕಣ್ಣಾರೆ ಕಂಡು ಬರೆದದ್ದು, ಯಾವುದು ಸುಮ್ನೆ ಹೊಗಳಿದ್ದು ಎಂದು ನಿಮಗೇ ತಿಳಿಯುತ್ತದೆ. ಆಪ್ತ ಕಾರ್ಯದರ್ಶಿ, ಡ್ರೈವರ್, ಜೊತೆಗೆ ಜೈಲಿನಲ್ಲಿದ್ದವರು ಬರೆದದ್ದಿದ್ದರೆ ಅದನ್ನು ಮೊದಲು ಓದಿ.

ಅಚ್ಚಿಗೆ ಕೊಡುವ ಮೊದಲು, ಮಾತು ಕೊಟ್ಟವರಿಗೆ ಅವರ ಭಾಗವನ್ನು ಓದಿ ಹೇಳಿ. ಓದಲು ಬಾರದವರ ಮನೆಗೆ ಹೋಗಿ ಗಟ್ಟಿಯಾಗಿ ಓದಿ. ಬೇಡ ಎಂದರೆ ತೆಗೆಯಿರಿ. ಕಾಗದಗಳ ಫೋಟೋ ತೆಗೆದುಕೊಂಡ ಮೇಲೆ ಮೂಲವನ್ನು ಅವತ್ತೇ ವಾಪಸ್ ಕೊಡಿ, ನಮೂನೆ 10 ಆದರಂತೂ ಒಂದು ರಾತ್ರಿಯೂ ನಿಮ್ಮ ಮನೆಯಲ್ಲಿ ಇಟ್ಟುಕೊಳ್ಳಬೇಡಿ. ಪುಸ್ತಕ ಬಂದಾಗ ತಾಲ್ಲೂಕಿನ ಗ್ರಂಥಾಲಯಕ್ಕೆ, ಹತ್ತಿರದ ಹೈಸ್ಕೂಲಿಗೆ, ಮಾತು ಕೊಟ್ಟ ಪ್ರತಿ ಮನೆಗೆ ಒಂದೊಂದು ಪ್ರತಿ ಕೊಡಿ. ಧನಿಗಳ ಮನೆಗೂ ಕೊಡಿ.